ಟಾರ್ಚ್ ಆ್ಯಪಿಗೆ ದಾಕ್ಷಿಣ್ಯ ತೋರಿದ ಬಗ್ಗೆ

ಕ್ರಮಾಂಕ: ಕುರಿ/ಫೋನ್/ರೂಟ್/ಶಿಕಾರಿಪುರ–ಸೊರಬ ಜಂಟಿ

ವಿಷಯ: ಕುರಿ ಗಣತಿ ಸಿಬ್ಬಂದಿಯ ಆಂಡ್ರಾಯ್ಡ್ ಫೋನುಗಳಲ್ಲಿ ಆ್ಯಪ್‌ಗಳಿಗೆ ರೂಟ್ ಅನುಮತಿ ನೀಡುವ ಕುರಿತು.

ಉಲ್ಲೇಖ: ಹೊಸಬಾಳೆಯ ಕುರಿಗಾರ್ತಿ ಶ್ರೀಮತಿ ಗುತ್ಯಮ್ಮನವರು ಕಚೇರಿ ಬಾಗಿಲಲ್ಲಿ ನಿಂತು ಗಟ್ಟಿಯಾಗಿ ನೀಡಿದ ಮೌಖಿಕ ದೂರು.

ಪಶುಪಾಲನಾ ಇಲಾಖೆಯ ಹಳೆಯ ಫೋನುಗಳಲ್ಲಿ ಗಣತಿಯ ಕುರಿ ಆ್ಯಪ್ ಓಡದ ಕಾರಣ ಅವುಗಳ ಒಳಬೀಗ ತೆಗೆಸಿ ರೂಟ್ ಮಾಡಿಸಲಾಗಿತ್ತು. ರೂಟ್ ಅನುಮತಿ ಪಡೆದ ಆ್ಯಪ್ ಫೋನಿನಲ್ಲಿ ಏನನ್ನು ಬೇಕಾದರೂ ಹಾಕಬಹುದು, ತೆಗೆಯಬಹುದು. ಸೊರಬದ ಗಣತಿದಾರ ಶ್ರೀ ಹರೀಶ ಅವರಲ್ಲಿ ಟಾರ್ಚ್ ಆ್ಯಪ್ ಈ ಅನುಮತಿಯನ್ನು ಕೇಳಿದ್ದು, ಸದರಿಯವರು ಕೊಟ್ಟಿದ್ದಾರೆ. ಜಾಗ ಸಾಲದೆಂದು ಟಾರ್ಚ್ ಕುರಿ ಆ್ಯಪನ್ನೇ ಅಳಿಸಿದೆ. ಆ್ಯಪಿನಲ್ಲಿಲ್ಲದ ಕುರಿಗೆ ಲಸಿಕೆ ಇಲ್ಲವೆಂಬ ನಿಯಮದಂತೆ, ಅದರಲ್ಲಿ ದಾಖಲಾಗಿದ್ದ ಗುತ್ಯಮ್ಮನವರ ಹಿಂಡಿಗೆ ಲಸಿಕೆ ನಿಂತಿದೆ. ನೆರೆಯ ಹಿಂಡಿಗೆ ಕುರಿಗಳನ್ನು ಕೊಲ್ಲುವ ಹಿರೇಬೇನೆ ಎಂಬ ಅಂಟುರೋಗ ತಗುಲಿದೆ.

ವಿವರಣೆ ಕೇಳಲಾಗಿ ಶ್ರೀ ಹರೀಶ, “ಪಾಪ, ಅಷ್ಟು ಮರ್ಯಾದೆಯಿಂದ ಕೇಳ್ತು ಸಾರ್. ಬಾಗಿಲಿಗೆ ಬಂದೋರಿಗೆ ಮುಖಕ್ಕೆ ಹೊಡೆದಂಗೆ ಬೇಡ ಅನ್ನೋಕಾಗುತ್ತಾ?” ಎಂದಿದ್ದಾರೆ. ಎರಡೂ ತಾಲ್ಲೂಕಿನ ಸಿಬ್ಬಂದಿ ಇದೇ ದಾಕ್ಷಿಣ್ಯಕ್ಕೆ ಬಿದ್ದಿರುವುದು ಕಂಡುಬಂದಿರುವುದರಿಂದ ಕೆಳಕಂಡಂತೆ ಸೂಚಿಸಲಾಗಿದೆ:

೧. ಆ್ಯಪ್ ನೆಂಟರಲ್ಲ. ಅನುಮತಿ ಕೇಳಿದಾಗ ಎದ್ದು ನಿಲ್ಲುವುದು, ಚಹಾ ತರಿಸುವುದು ಕೂಡದು.

೨. ನಾವು ರೂಢಿಯಲ್ಲಿ ಹೇಳುವ ‘ನೋಡೋಣ’ ಎಂಬ ಗುಂಡಿ ಫೋನಿನಲ್ಲಿಲ್ಲ. ಅದು ಬರಲೆಂದು ಕಾಯುತ್ತ ಕುಳಿತಿರುವ ಶಿಕಾರಿಪುರ ಶಾಖೆಯವರು ಕೆಲಸಕ್ಕೆ ಮರಳತಕ್ಕದ್ದು.

೩. ದೀಪ ಹಚ್ಚಿದ ಮೇಲೆ ಉಪ್ಪು, ಮೊಸರು ಕೊಡದಿರುವಂತೆಯೇ ರೂಟ್ ಅನುಮತಿಯನ್ನೂ ಕೊಡತಕ್ಕದ್ದಲ್ಲ. ಶುಕ್ರವಾರ ಇಡೀ ದಿನ ನಿಷೇಧ.

೪. ಕ್ಯಾಲ್ಕುಲೇಟರ್ ಆ್ಯಪ್ ಹೆಂಡತಿಯ ಕಡೆಯವರು ಹಾಕಿಕೊಟ್ಟದ್ದು, ಅದಕ್ಕೆ ಬೇಡ ಎನ್ನಲಾಗದು ಎಂಬ ಕಾರಣವನ್ನು ಪರಿಗಣಿಸಲಾಗುವುದಿಲ್ಲ.

೫. ‘ಬೇಡ’ ಒತ್ತಿದ ನಂತರ ಫೋನಿಗೆ “ತಪ್ಪು ತಿಳ್ಕೋಬೇಡಪ್ಪಾ” ಎನ್ನಲು ಒಮ್ಮೆ ಮಾತ್ರ ಅವಕಾಶವಿದೆ.

೬. ಅಷ್ಟಾಗಿಯೂ ‘ಬೇಡ’ ಒತ್ತಲು ಮನಸ್ಸು ಬಾರದಿದ್ದಲ್ಲಿ ಫೋನನ್ನು ಗುತ್ಯಮ್ಮನವರ ಮುಂದಿಡತಕ್ಕದ್ದು. ದೂರು ನೀಡಿದ ದಿನ ಅವರು ಇಲಾಖೆಯ ಸಮಜಾಯಿಷಿ, ಕುರ್ಚಿ, ಚಹಾ ಮೂರನ್ನೂ ‘ಬೇಡ’ ಎಂದಿರುವುದರಿಂದ, ಅವರನ್ನು ಎರಡೂ ತಾಲ್ಲೂಕಿಗೆ ಅನುಮತಿ ನಿರಾಕರಣಾಧಿಕಾರಿಯಾಗಿ ನೇಮಿಸಲಾಗಿದೆ. ಅವರ ತೀರ್ಮಾನದ ಮೇಲೆ ಮೇಲ್ಮನವಿ ಇರುವುದಿಲ್ಲ.

೭. ನೇಮಕಗೊಂಡ ಕೂಡಲೇ ಸದರಿಯವರು, ಮರಳಿ ಹಾಕಿಸಿದ ಇಲಾಖೆಯ ಕುರಿ ಆ್ಯಪ್ ರೂಟ್ ಅನುಮತಿ ಕೇಳಿದಾಗ ಅದಕ್ಕೇ ‘ಬೇಡ’ ಒತ್ತಿರುತ್ತಾರೆ. ಕಾರಣ ಕೇಳಲಾಗಿ, “ಕುರಿ ಎಣಿಸೋಕೆ ಇಡೀ ಫೋನು ಯಾಕ್ ಬೇಕ್ರೀ ಇದಕ್ಕೆ? ಮೊದ್ಲು ನನ್ನ ಕುರಿಗೆ ಸೂಜಿ ಹಾಕ್ಸಿ. ಇದನ್ನ ಆಮೇಲೆ ನೋಡೋಣ” ಎಂದಿದ್ದಾರೆ. ಖಂಡಿಕೆ ೬ರಂತೆ ಇಲಾಖೆಗೆ ಬೇರೆ ದಾರಿ ಇಲ್ಲದೆ, ಇಂದು ಬೆಳಿಗ್ಗೆ ಇಡೀ ಹಿಂಡಿಗೆ ಲಸಿಕೆ ಹಾಕಲಾಗಿದೆ.

ಸಹಿ/-
ಸಹಾಯಕ ನಿರ್ದೇಶಕರು (ಪ್ರಭಾರ)

ಪ್ರತಿಗಳು:
ಶ್ರೀ ಹರೀಶ ಅವರಿಗೆ, ಸೆಲ್ ಹಾಕುವ ಟಾರ್ಚಿನೊಂದಿಗೆ.
ಶಿಕಾರಿಪುರ ಶಾಖೆಗೆ, ಎಬ್ಬಿಸಿ ಕೊಡುವುದು.
ಶ್ರೀಮತಿ ಗುತ್ಯಮ್ಮನವರಿಗೆ, ಈ ಸುತ್ತೋಲೆ ಹೊರಡಿಸಲು ಅನುಮತಿ ಕೋರಿ.
ಕುರಿ ಆ್ಯಪಿಗೆ, ಬಾಗಿಲ ಹೊರಗೆ ಕಾಯಲು.