ದಾರ್ಸೈಟ್‌ನಿಂದ ವೀಕ್ಷಕ ವಿವರಣೆ

ತನ್ನ ತಂಡ ಸೋಲುವುದನ್ನು ನೋಡಲಿಕ್ಕೆಂದೇ ಸ್ನಾನ ಮಾಡಿ, ಇಸ್ತ್ರಿ ಅಂಗಿ ತೊಟ್ಟು ಕೂರುವ ಮನುಷ್ಯ ಇಡೀ ಒಮಾನ್ ದೇಶದಲ್ಲಿ ಒಬ್ಬನೇ ಇರಬೇಕು. ಆ ಮಹಾನುಭಾವ ನನ್ನ ಸೋದರಮಾವ! ದಾರ್ಸೈಟ್‌ನ ನಮ್ಮ ಫ್ಲ್ಯಾಟಿನಲ್ಲೇ ಇದ್ದಾನೆ. ಮದುವೆಯಾಗಿಲ್ಲ. ಯಾಕೆ ಅಂತ ಕೇಳಿದರೆ, "ಪುರುಸೊತ್ತ ಸಿಗಲಿಲ್ಲ ನೋಡವಾ" ಅನ್ನುತ್ತಾನೆ.

ಬಾಗಲಕೋಟೆ ಕಡೆಯವನು, ರುಸೈಲ್‌ನ ಪೈಪ್ ಫ್ಯಾಕ್ಟರಿಯಲ್ಲಿ ಮೆಂಟೆನೆನ್ಸ್ ಸೂಪರ್‌ವೈಸರ್. ಇಂಥವನಿಗೆ ಕ್ರಿಕೆಟ್ಟಿನ ಹುಚ್ಚಿದ್ದರೆ ಯಾರೂ ಏನೂ ಅನ್ನುತ್ತಿರಲಿಲ್ಲ. ಇವನಿಗೆ ಹಿಡಿದದ್ದು ಅಮೇರಿಕದ ಯಾವುದೋ ಸಣ್ಣ ಊರಿನ ಕಾಲೇಜು ಫುಟ್‌ಬಾಲ್ ತಂಡದ ಹುಚ್ಚು. ಫುಟ್‌ಬಾಲ್ ಅಂದರೆ ನೀವು ತಿಳಿದ ಫುಟ್‌ಬಾಲ್ ಅಲ್ಲ ಮತ್ತೆ! ತಲೆಗೆ ಹೆಲ್ಮೆಟ್, ಹೆಗಲಿಗೆ ದಿಂಬು ಕಟ್ಟಿಕೊಂಡ ಹುಡುಗರು ಮೊಟ್ಟೆಯಾಕಾರದ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಓಡುತ್ತಾರೆ. ಎದುರಿನವರು ಮೈಮೇಲೆ ಬಿದ್ದು ಕೆಡವುತ್ತಾರೆ. ಚೆಂಡಿಗೆ ಕಾಲು ತಾಗುವುದೇ ಅಪರೂಪ. ಮತ್ತೇಕೆ ಆ ಹೆಸರು? ನನ್ನನ್ನು ಕೇಳಬೇಡಿ.

ಈ ಹುಚ್ಚು ಹಿಡಿಸಿದವರು, ಹಲವು ವರ್ಷಗಳ ಹಿಂದೆ ಫ್ಯಾಕ್ಟರಿಗೆ ಹೊಸ ಮಷಿನ್ ಕೂರಿಸಲು ಬಂದ ಅಮೇರಿಕದ ಇಂಜಿನಿಯರು. ಆರಡಿ ಆಳು, ಪೊದೆ ಮೀಸೆ. ಮಾಮ ಮೊದಲ ದಿನವೇ ಅವರಿಗೆ "ಗೌಡ್ರು" ಎಂದು ನಾಮಕರಣ ಮಾಡಿದ. ಇದ್ದಷ್ಟು ಕಾಲವೂ ಗೌಡರು ಶುಕ್ರವಾರ ನಮ್ಮಲ್ಲಿಗೆ ಬಂದು ಜೋಳದ ರೊಟ್ಟಿಗೆ ಶೇಂಗಾ ಚಟ್ನಿ ಹಚ್ಚಿಕೊಂಡು ತಿಂದು, ಖಾರಕ್ಕೆ ಕಣ್ಣೀರು ಸುರಿಸುತ್ತಲೇ "ವೆರಿ ಗುಡ್" ಎನ್ನುತ್ತಿದ್ದರು. ಹರೆಯದಲ್ಲಿ ಅವರು ಅದೇ ಕಾಲೇಜಿನ ತಂಡಕ್ಕೆ ಆಡಿದವರಂತೆ. ಊಟವಾದ ಮೇಲೆ ಸೋಫಾದ ಕುಶನ್ನನ್ನೇ ಚೆಂಡು ಮಾಡಿ ಮಾಮನಿಗೆ ಪಾಠ. ಆ ವಿದ್ಯಾಭ್ಯಾಸದಲ್ಲಿ ನನ್ನದೊಂದು ಹೂದಾನಿ ವೀರಮರಣ ಹೊಂದಿತು!

ಊರಿಗೆ ಮರಳಿದ ಮೇಲೆ ಗೌಡರಿಗೆ ಸಕ್ಕರೆ ಕಾಯಿಲೆ ಜೋರಾಯಿತು. ಮೊದಲು ಕಾಲ್ಬೆರಳು ಹೋದವು, ಆಮೇಲೆ ಎರಡೂ ಕಣ್ಣು. ಜೊತೆಯಲ್ಲಿದ್ದ ಮಗಳು ಚೆನ್ನಾಗಿಯೇ ನೋಡಿಕೊಳ್ಳುತ್ತಿದ್ದಳು. ಆದರೆ ಅವಳಿಗೆ ಆಟವೆಂದರೆ ಅಲರ್ಜಿ. ಕಳೆದ ವರ್ಷ ಪಂದ್ಯಗಳು ಶುರುವಾಗುವ ಹೊತ್ತಿಗೆ ಗೌಡರು ಫೋನ್ ಮಾಡಿ, ಇನ್ನು ನೀನೇ ನೋಡಿ ಹೇಳಬೇಕು ಎಂದರಂತೆ. ಅಂದಿನಿಂದ ಪ್ರತಿ ಶನಿವಾರ ನಮ್ಮ ರಾತ್ರಿಯೂಟದ ಹೊತ್ತಿಗೆ ಸರಿಯಾಗಿ ಮಾಮ ಲ್ಯಾಪ್‌ಟಾಪ್ ತೆರೆದು, ಫೋನನ್ನು ಸ್ಪೀಕರಿಗೆ ಹಾಕಿ ಕೂರುವುದು.

"ಅಲ್ಲ ಮಾಮಾ, ಅವರ ದೇಶದಾಗ ರೇಡಿಯೋ ಇಲ್ಲೇನು?" ಎಂದೆ.

"ಐತಿ. ಆದ್ರ ರೇಡಿಯೋಕ್ಕ ಬೈದ್ರ ಅದು ತಿರುಗಿ ಬೈತದೇನವಾ?"

ಇದಕ್ಕೆ ಏನು ಹೇಳುತ್ತೀರಿ!

ಮೊದಲ ಪಂದ್ಯದ ವಿವರಣೆ ಇನ್ನೂ ಕಿವಿಯಲ್ಲಿದೆ. "ಗೌಡ್ರ, ಅವರ್ ಬಾಯ್ ಈಸ್ ರನ್ನಿಂಗ್... ರನ್ನಿಂಗ್... ಅಯ್ಯಯ್ಯೋ, ಬಕ್ಬಾರ್ಲೆ ಬಿದ್ದಾ!" ಅತ್ತಲಿಂದ ಗೌಡರ ಬೈಗುಳದ ಸುರಿಮಳೆ. ಇತ್ತಲಿಂದ ಮಾಮನದು, ಅಪ್ಪಟ ಬಾಗಲಕೋಟೆಯದು. ಇಬ್ಬರಿಗೂ ಪರಮಾನಂದ. ತಂಡ ಮಾತ್ರ ಹೀನಾಯವಾಗಿ ಸೋತಿತು.

ಮುಂದಿನದರಲ್ಲೂ ಸೋತಿತು. ಅದರ ಮುಂದಿನದರಲ್ಲಿ, ಚೆಂಡು ಎಸೆಯುವ ಮುಖ್ಯ ಹುಡುಗನ ಹೆಗಲು ಮುರಿಯಿತು. ಅವನ ಬದಲಿಗೆ ಬಂದವನು ಎಸೆದದ್ದೆಲ್ಲ ನೇರ ಎದುರಾಳಿಗಳ ಕೈಗೆ. ನಡುವೆ ಕೋಚನ್ನೇ ಕೆಲಸದಿಂದ ತೆಗೆದರು. ಇಲ್ಲಿ ಕೆಲಸದ ವಾರ ಶುರುವಾಗುವ ಭಾನುವಾರ, ಮಾಮ ಫ್ಯಾಕ್ಟರಿಯಲ್ಲಿ ಊಟದ ಡಬ್ಬಿ ಬಿಚ್ಚದೆ ಕೂತದ್ದನ್ನು ಕಂಡು ಅಲ್ಲಿಯ ಒಮಾನಿ ಫೋರ್‌ಮನ್, ಮನೆಯಲ್ಲಿ ಯಾರು ತೀರಿಕೊಂಡರು ಎಂದು ವಿಚಾರಿಸಿದನಂತೆ. ವಿಷಯ ತಿಳಿದು, "ಖಲಾಸ್! ಟೀಮ್ ಬದಲ್ ಕರೋ" ಎಂದು ಸಲಹೆಯನ್ನೂ ಕೊಟ್ಟ. ಮಾಮ ಆ ವಾರವಿಡೀ ಅವನೊಡನೆ ಮಾತಾಡಲಿಲ್ಲ.

"ಎಂಥ ಅವಸ್ಥೆ ಮಾರಾಯ್ರೆ ನಿಮ್ಮದು!" ಎಂದು ಮಂಗಳೂರಿನವರಾದ ನನ್ನ ಗಂಡ ನಗುತ್ತಿದ್ದರು.

ನಗು ನಿಂತದ್ದು ಗೌಡರ ಕಿಡ್ನಿಗಳೂ ಕೈಕೊಟ್ಟ ಮೇಲೆ. ಫೋನಿನಲ್ಲಿ ಬೈಗುಳ ಕಡಿಮೆಯಾಯಿತು, ಆಮೇಲೆ ಬರೀ ಹೂಂಗುಟ್ಟುವಿಕೆ ಉಳಿಯಿತು. ಕೇಳಲಾರದೆ ನಾನೊಮ್ಮೆ ಹೇಳಿದೆ: "ಮಾಮಾ, ಇದೊಂದ ಸಲ ಗೆದ್ರು ಅಂತ ಹೇಳಿಬಿಡು. ಅವರಿಗೇನು ಕಾಣಸ್ತದೇನು?"

ಮಾಮ ನನ್ನನ್ನು ದಿಟ್ಟಿಸಿದ. "ಅಂವಾ ಕಣ್ಣ ಕಳಕೊಂಡಾನ, ಬುದ್ಧಿ ಅಲ್ಲ. ನಾನೂ ಸುಳ್ಳ ಹೇಳಿದ್ರ ಅಂವಾ ಯಾರನ್ನ ನಂಬಬೇಕು?"

ಆವತ್ತೂ ಸೋತರು. ಮಾಮ ಸೋಲನ್ನು ಒಂದು ತುಣುಕೂ ಬಿಡದೆ ಹೇಳಿದ. ನಡುವೆ ಅತ್ತ ಕಡೆ ಸದ್ದಡಗಿತು.

"ಗೌಡ್ರ? ಆರ್ ಯು ದೇರ್?"

ಬಹಳ ಹೊತ್ತಿನ ಮೇಲೆ ಎಳೆಯಂಥ ದನಿ ಬಂತು: "ಐ ಆಮ್ ಹಿಯರ್. ಗೋ ಆನ್."

ಕೊನೆಯ ಪಂದ್ಯ ಬಾಕಿಯಿತ್ತು. ಅದಕ್ಕೆ ಮುಂಚೆ, ವಾರದ ನಡುವೆ, ಗೌಡರು ಹೋದರು. ಸುದ್ದಿ ತಿಳಿದು ಮನೆಗೆ ಬಂದ ಮಾಮ ಸ್ಪ್ಯಾನರ್ ತಂದು, ಸೋರದೇ ಇದ್ದ ಅಡುಗೆಮನೆಯ ನಲ್ಲಿಯನ್ನು ಪೂರ್ತಿ ಬಿಚ್ಚಿ, ಒರೆಸಿ, ಮತ್ತೆ ಜೋಡಿಸಿದ. ಆಮೇಲೆ ಬಚ್ಚಲಮನೆಯದನ್ನೂ.

ಶನಿವಾರ ಮತ್ತೆ ಲ್ಯಾಪ್‌ಟಾಪ್ ತೆರೆದ. "ಇನ್ನು ಯಾರಿಗೆ ಹೇಳ್ಲಿಕ್ಕೆ?" ಎಂದು ನನ್ನ ಗಂಡ ಪಿಸುಗುಟ್ಟಿದರು. ಮಾಮ ಇಡೀ ಪಂದ್ಯವನ್ನು ಬಾಯಿ ಬಿಡದೆ ನೋಡಿದ. ಆ ಹುಡುಗರು ಅಂದು ಪ್ರಾಣ ಕೊಟ್ಟು ಆಡಿದರು. ಕಡೇ ಗಳಿಗೆಯಲ್ಲಿ ಚೆಂಡು ಹಿಡಿದವನು ಗೆರೆಯ ಅಂಚಿನಲ್ಲೇ ಬಿದ್ದ. ಗೆಲ್ಲಲು ಒಂದು ಮಾರು ಸಾಲದೆ ಹೋಯಿತು.

ಮಾಮ ಫೋನ್ ಎತ್ತಿಕೊಂಡು, ಎಂದಿನಂತೆ ಸ್ಪೀಕರಿಗೆ ಹಾಕಿ, ಗೌಡರ ಅದೇ ನಂಬರಿಗೆ ಹಚ್ಚಿದ.

ಮಗಳು ಎತ್ತಿಕೊಂಡಳು.

"ಐ ಆಮ್ ಕಾಲಿಂಗ್ ಫ್ರಮ್ ಒಮಾನ್. ಮ್ಯಾಚ್ ಓವರ್," ಎಂದ ಮಾಮ. "ವಿ ಲಾಸ್ಟ್."

ಅವಳು ನಿಧಾನವಾಗಿ ಇಂಗ್ಲಿಷಿನಲ್ಲಿ ಹೇಳಿದಳು: ನನಗೆ ಈ ಆಟ ಗೊತ್ತಿಲ್ಲ, ಆದರೂ ಹೇಳಿ. ಅಪ್ಪನಿಗೆ ಹೇಳುತ್ತಿದ್ದ ಹಾಗೆಯೇ, ಮೊದಲಿನಿಂದ.

ಮಾಮ ಬಾಯಿ ತೆರೆದ. ಹೇಳಹೊರಟದ್ದನ್ನು ಬಿಟ್ಟು ಬೇರೆಯದೇ ಕೇಳಿದ: "ಫಸ್ಟ್ ಟೆಲ್ ಮಿ ಅಮ್ಮಾ, ಹ್ಯಾವ್ ಯು ಟೇಕನ್ ಫುಡ್?"

ಇಲ್ಲ ಎಂದಳು. ನಿನ್ನೆಯಿಂದಲೂ ಇಲ್ಲ ಎಂದಳು. ಹೇಳುತ್ತಿದ್ದಂತೆ ಅವಳ ಮಾತು ಒಡೆಯಿತು.

"ಈಟ್. ಲಿಟಲ್ ಬಿಟ್ ಈಟ್," ಎಂದ ಮಾಮ. ಇಂಗ್ಲಿಷು ಅಲ್ಲಿಗೇ ತೀರಿತು. "ಎರಡ ತುತ್ತ ಉಣ್ಣ ಹೋಗವಾ. ಅಲ್ಲಿತನಕಾ ನಾ ಇಲ್ಲೇ ಫೋನ್ ಹಿಡಕೊಂಡು ಕುಂದರ್ತೀನಿ."

ಅವಳಿಗೆ ಅದೆಷ್ಟು ತಿಳಿಯಿತೋ. ಕುರ್ಚಿ ಸರಿದ ಸದ್ದಾಯಿತು. ಫ್ರಿಜ್ಜಿನದಿರಬೇಕು, ಬಾಗಿಲು ತೆರೆಯಿತು, ಮುಚ್ಚಿತು. ಸ್ವಲ್ಪ ಹೊತ್ತಿನ ಮೇಲೆ, ತಟ್ಟೆಗೆ ಚಮಚ ತಾಗಿದ್ದು ನಮ್ಮ ಹಾಲ್‌ನಲ್ಲಿ ಸ್ಪಷ್ಟವಾಗಿ ಕೇಳಿಸಿತು.

ಮಾಮ ಕಣ್ಣೊರೆಸಿಕೊಳ್ಳದೆ ಕಾಯುತ್ತ ಕೂತ.