ಸೂರ್ಯನನ್ನು ಮಾಡುವ ಹುಡುಗ

ಮನೆತನದಲ್ಲಿ ಒಬ್ಬ ವಿಜ್ಞಾನದ ಮಾಸ್ತರ ಇದ್ದರೆ ಜಗತ್ತಿನ ಸಕಲ ವಿಜ್ಞಾನಕ್ಕೂ ಅವನೇ ಜಾಮೀನುದಾರ. ಮೊಬೈಲು ಬಿಸಿಯಾದರೂ, ಮಿಕ್ಸರು ಗುಡುಗಿದರೂ, ಬಂದ ಮೋಡ ಹಾಗೇ ಸೊಲ್ಲಾಪುರದ ಕಡೆ ಹೊರಟುಹೋದರೂ ನಮ್ಮವರೆಲ್ಲ ನನ್ನ ಮುಖ ನೋಡುತ್ತಾರೆ. ಮುದ್ದೇಬಿಹಾಳದ ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳುವ ನಾನೋ, ‘ಗೊತ್ತಿಲ್ಲ’ ಎಂಬ ಒಂದು ಮಾತನ್ನು ಮಾತ್ರ ಕಲಿಯಲಿಲ್ಲ. “ಶಾಣ್ಯಾ ಅನ್ನಿಸಿಕೊಂಡಾಂವ ಹಗ್ಗಿಲ್ದ ಬಾವಿಗೆ ಇಳೀತಾನ” ಎಂದು ನಮ್ಮಜ್ಜ ಹೇಳುತ್ತಿದ್ದ. ಈ ಬೇಸಿಗೆಯಲ್ಲಿ ನಾನು ಇಳಿದ ಬಾವಿ ಹೊರ್ತಿಯಲ್ಲಿತ್ತು.

ಅಲ್ಲಿ ನನ್ನ ಹೆಂಡತಿಯ ತಮ್ಮ ಸಿದ್ರಾಮಪ್ಪನ ಲಿಂಬೆ ತೋಟವಿದೆ. ಅವನ ಮಗಳು ಗಂಗಾಳಿಗೆ ಬಸವನ ಬಾಗೇವಾಡಿಯ ಸಂಬಂಧ ಬಂದಿತ್ತು. ಹುಡುಗ, ಹುಡುಗಿ ಫೋನಿನಲ್ಲಿ ಮಾತಾಡಿ ಒಪ್ಪಿಯೂ ಆಗಿತ್ತು. ಹಿರಿಯರು ಹೂಂ ಅನ್ನುವುದೊಂದೇ ಬಾಕಿ. ತೊಡಕೆಲ್ಲ ಹುಡುಗನ ನೌಕರಿಯದು. ಅವನು ಅಣುಸಮ್ಮಿಳನದ ಸಂಶೋಧಕ. ಹಾಗೆಂದರೇನು ಎಂದು ಬಿಡಿಸಿ ಹೇಳಲು, ಹುಡುಗನ ಕಡೆಯವರು ಬರುವ ಮೊದಲೇ ಹೆಂಡತಿಯ ಜೊತೆ ನನ್ನನ್ನೂ ಕರೆಸಿದ್ದರು. ಗಂಗಾ ಬಾಗಿಲಲ್ಲೇ ತಡೆದಳು. “ಮಾಮಾ, ಸ್ವಲ್ಪ ಹೇಳ್ರಿ, ಚಂದ ಹೇಳ್ರಿ. ಪಾಠ ಮಾಡಬ್ಯಾಡ್ರಿ.”

ನಾನು ಪಾಠ ಮಾಡಿದೆ. “ಸೂರ್ಯನೊಳಗ ಹೈಡ್ರೋಜನ್ ಕಣ ಒಂದಕ್ಕೊಂದು ಕೂಡ್ತಾವ. ಕೂಡುವಾಗ ಶಕ್ತಿ ಹೊರಗ ಬರ್ತೈತಿ. ಅಂಥಾ ಸಣ್ಣ ಸೂರ್ಯನ್ನ ಇವರು ಭೂಮಿ ಮ್ಯಾಲ ಮಾಡಾಕತ್ತಾರ.”

“ನಮ್ಮಲ್ಲಿ ಇರೋ ಬಿಸಲು ಸಾಲದೇನಪಾ?” ಎಂದರು ನಮ್ಮತ್ತೆ, ಅಂದರೆ ಸಿದ್ರಾಮಪ್ಪನ ತಾಯಿ. “ಇರಲಿ, ಎದರಾಗ ಇಡ್ತಾರ? ಪಾತ್ರಿ ಕರಗಂಗಿಲ್ಲ?”

“ಪಾತ್ರಿಗೆ ಮುಟ್ಟಸಂಗಿಲ್ರಿ. ಅಯಸ್ಕಾಂತದ ಬಲದಿಂದ ನಡುವ ತೇಲಿಸಿ ಹಿಡೀತಾರ. ಪಾತ್ರಿ ಗ್ವಾಡಿಗೆ ತಾಗಿತೋ, ತಣ್ಣಗಾಗಿ ಕೆಡ್ತೈತಿ.”

“ಮಡಿ ಅನ್ನು, ಮತ್ತ!” ಎಂದು ಅತ್ತೆ ಎಲೆಯಡಿಕೆ ಚೀಲ ಬಿಚ್ಚಿದರು.

ಅಲ್ಲಿಗೇ ನಿಲ್ಲಿಸಬೇಕಿತ್ತು. ಆದರೆ ದಸ್ತಗೀರಸಾಬ ಕೂತಿದ್ದ. ಲಿಂಬೆ ವ್ಯಾಪಾರಿ, ಅವನನ್ನು ಕೇಳದೆ ಸಿದ್ರಾಮಪ್ಪ ತೋಟದ ಕಾಯನ್ನೂ ಕೊಡುವುದಿಲ್ಲ, ಮನೆಯ ಹೆಣ್ಣನ್ನೂ ಕೊಡುವುದಿಲ್ಲ. “ಅದೆಲ್ಲಾ ಖರೇರಿ ಮಾಸ್ತರ, ಮಾಲು ಬಜಾರಕ್ಕ ಯಾವಾಗ ಬರ್ತೈತಿ?”

“ಇನ್ನೊಂದು ಮೂವತ್ತು ವರ್ಷ ಅಂತಾರ.”

“ಮೊದಲ ಎಷ್ಟು ಅಂತಿದ್ರು?”

“ನಾ ಕಾಲೇಜು ಕಲಿಯುವಾಗನೂ ಮೂವತ್ತ.”

“ಹಾಕಿದ್ದಕ್ಕಿಂತ ಹೆಚ್ಚಿಗಿ ಬರ್ತೈತೇನು?”

“ಒಂದೊಂದು ಪ್ರಯೋಗದಾಗ ಬಂದೈತಿ. ಆದ್ರ ಇಡೀ ಯಂತ್ರ ತಿನ್ನೋ ಕರೆಂಟ್ ಲೆಕ್ಕ ಹಿಡಿದ್ರ...”

“ನುಕ್ಸಾನ,” ಎಂದು ದಸ್ತಗೀರಸಾಬ ತೀರ್ಪು ಕೊಟ್ಟ. ಸಿದ್ರಾಮಪ್ಪನ ಮುಖ ಇಳಿಯಿತು. “ಲಿಂಬಿ ಗಿಡ ನಾಕೈದು ವರ್ಷಕ್ಕ ಕಾಯಿ ಬಿಡ್ತೈತಿ. ಇದೆಂಥಾ ಗಿಡ ಭಾವಾ?” ಅಡುಗೆಮನೆಯ ಬಾಗಿಲಿಂದ ಗಂಗಾ ನನ್ನನ್ನು ನೋಡಿದ ನೋಟದಲ್ಲಿ ಕೋಟಿ ಡಿಗ್ರಿ ಶಾಖವಿತ್ತು, ತಡೆಯಲು ಅಯಸ್ಕಾಂತವೂ ಇರಲಿಲ್ಲ.

ಹೆದರಿಕೆಯಲ್ಲಿ ಬುದ್ಧಿ ಓಡಿತು. “ಅದ ಅದರ ಗುಣ! ಮುಗಿದ್ರ ಅಲ್ಲೇನು ನೌಕರಿ ಹೋಗೂದು? ಈ ಕೆಲಸ ಮುಗಿಯಂಗಿಲ್ಲ!”

ದಸ್ತಗೀರಸಾಬ ತೊಡೆ ತಟ್ಟಿದ. “ಪರ್ಮನೆಂಟ್! ಸಿದ್ರಾಮಣ್ಣ, ಕಣ್ಣು ಮುಚ್ಚಿ ಕೊಡು.”

ಹುಡುಗನ ಕಡೆಯವರು ಬಂದಾಗ ಸಿದ್ರಾಮಪ್ಪ ಹಿಗ್ಗಿನಿಂದಲೇ ಕೇಳಿದ. “ನಿಮ್ಮ ಕೆಲಸ ಮುಗಿಯಾಕ ಇನ್ನ ಮೂವತ್ತು ವರ್ಷ ಬೇಕಂತಲ್ರಿ?”

ಹುಡುಗನ ಕಿವಿ ಕೆಂಪಾದವು. “ಯಾರಂದ್ರು ನಿಮಗ? ಈಗ ಖಾಸಗಿ ಕಂಪನಿಗಳೂ ಇಳದಾವ್ರಿ, ಹೊಸ ನಮೂನಿ ಅಯಸ್ಕಾಂತ ಬಂದಾವು. ಲಗೂನ ಮುಗಿಸ್ತೇವ್ರಿ!”

ಉಪ್ಪಿಟ್ಟಿನ ತಟ್ಟೆಗಳು ನಡುದಾರಿಯಲ್ಲಿ ನಿಂತವು. ಎಲ್ಲರೂ ನನ್ನ ಕಡೆ ತಿರುಗಿದರು. ಇಷ್ಟು ವರ್ಷ ವಿಜ್ಞಾನ ಬೆಳೆಯಲಿ ಎಂದು ಭಾಷಣ ಮಾಡಿದವನು, ಅಂದು ಮೊದಲ ಬಾರಿಗೆ, ದೇವರೇ ಅದು ಇದ್ದಲ್ಲೇ ಇರಲಿ ಎಂದು ಬೇಡಿಕೊಂಡೆ.

ಗಂಗಾ ಹೊರಗೆ ಬಂದೇಬಿಟ್ಟಳು. “ಅಪ್ಪಾ, ಬೋರಿಗೆ ನೀರು ಬಿದ್ದ ಮ್ಯಾಲ ನಿನಗ ಕೆಲಸ ಕಡಿಮಿ ಆತೋ, ಹೆಚ್ಚಾತೋ?”

ನೀರು ಬಿದ್ದಂದಿನಿಂದ ನೆಂಟರ ಮನೆಗೆ ಹೋಗಲೂ ಪುರುಸೊತ್ತಿಲ್ಲದ ಸಿದ್ರಾಮಪ್ಪ ತಲೆ ತುರಿಸಿಕೊಂಡ. “ಹೆಚ್ಚಾತು.”

“ಮತ್ತ? ಸೂರ್ಯ ಹತ್ತಿದ ಮ್ಯಾಲ ಅದನ್ನ ನಡಸಾಕ ಮಂದಿ ಬ್ಯಾಡೇನು?”

ಹುಡುಗ ಅವಳನ್ನು ನೋಡುತ್ತಲೇ ಉಳಿದ. ಅತ್ತೆ “ಸಕ್ರಿ ತರ್ರೆ!” ಎಂದು ಕೂಗಿದರು. ಎಲ್ಲರ ಬಾಯಿಗೂ ಸಕ್ಕರೆ ಬಿತ್ತು. ನನ್ನ ಬಾಯಿಗೆ ಮಾತ್ರ ದಸ್ತಗೀರಸಾಬ ಮುದ್ದಾಂ ಎರಡು ಮುಷ್ಟಿ ಹಾಕಿದ, ಮತ್ತೆ ಮಾತು ಹೊರಡದಿರಲಿ ಎಂದು.

ಆಮೇಲೆ ಮುಹೂರ್ತ ತೆಗೆಯಲು ಹಿರಿಯರೆಲ್ಲ ಕೂತರು. ನನ್ನನ್ನು ಕರೆಯಲಿಲ್ಲ. ಮದುವೆ ಯಾವಾಗ ಎಂದು ಕೇಳಿದರೆ ನಾನು ಮೂವತ್ತು ವರ್ಷ ಎಂದುಬಿಟ್ಟೇನು ಎಂಬ ಭಯವಂತೆ. ಹಾಗೆಂದು ಅವರಿಗೆ ಹೇಳಿಕೊಟ್ಟವಳು ನನ್ನ ಹೆಂಡತಿ.