ಬರೆಯೋ ಮೇಷ್ಟ್ರಿಗೆ ಸಿಕ್ಕ ಪುರಾವೆ

ರಾದ್ಧಾಂತಕ್ಕೆಲ್ಲ ಕಾರಣ, ಬೆರಳಿಗೆ ಕಚ್ಚಿಸಿ ಎದೆಬಡಿತ ಅಳೆಯುವ ಒಂದು ಕ್ಲಿಪ್ಪು.

ಆಸ್ಪತ್ರೆಯ ವಾರ್ಡಿನವರು ‘ಬರೆಯೋ ಮೇಷ್ಟ್ರು’ ಎನ್ನುತ್ತಿದ್ದ ಆ ಸಮಾಜಶಾಸ್ತ್ರದ ಅಧ್ಯಾಪಕರು, ಫಿನಾಯಿಲ್ ವಾಸನೆಯ ಆ ಮಂಕು ಕೋಣೆಯಲ್ಲಿ ಎರಡು ವರ್ಷದಿಂದ ಸಂಶೋಧನೆಗೆಂದು ಕೂತು, ಕಂಡದ್ದನ್ನೆಲ್ಲ ಬರೆದುಕೊಳ್ಳುತ್ತ, ಒಂದೇ ಮಾತು ಸಾಧಿಸಲು ಹೆಣಗುತ್ತಿದ್ದರು: ಡಾಕ್ಟರು ರೋಗಿಯ ಮುಖ ನೋಡುವುದಿಲ್ಲ, ಯಂತ್ರದ ಪರದೆ ನೋಡುತ್ತಾರೆ. ಸಂಜೆಯೊಳಗೆ ಗಟ್ಟಿ ಪುರಾವೆ ತರದಿದ್ದರೆ ಕೆಲಸಕ್ಕೆ ಸಂಚಕಾರವೆಂದು ಕಾಲೇಜಿನವರು ಕಡ್ಡಿ ಮುರಿದಂತೆ ಹೇಳಿದ್ದರು.

ಬೆಳಿಗ್ಗೆ ಹೆಂಡತಿ, “ಮುಖ ಬಿಳಚ್ಕೊಂಡಿದೆ, ಮೆಟ್ಟಿಲು ಹತ್ತಿದ್ರೆ ಏದುಸಿರು ಬರತ್ತೆ. ಯಾರಿಗಾದ್ರೂ ತೋರಿಸ್ರೀ” ಎಂದಿದ್ದಳು.

“ನೋಡೋವ್ರಿದ್ರೆ ತಾನೇ ತೋರ್ಸೋದು!” ಎಂದು ಮೇಷ್ಟ್ರು ಚಪ್ಪಲಿ ಮೆಟ್ಟಿದ್ದರು.

ಎದೆನೋವಿಗೆಂದು ಕೆಲವು ವಾರ ವಾರ್ಡಿನಲ್ಲಿದ್ದು ಅಂದು ಮನೆಗೆ ಹೊರಡಲಿದ್ದ ಅಜ್ಜನೊಬ್ಬ ಕೊನೆಯ ತಪಾಸಣೆಗೆಂದು ಕ್ಲಿಪ್ಪು ಕಚ್ಚಿಸಿಕೊಂಡು ಕೂತಿದ್ದ. ಮೇಷ್ಟ್ರಿಗೆ ಉಪಾಯ ಹೊಳೆಯಿತು.

“ಅಜ್ಜಾ, ಸ್ವಲ್ಪ ಹೊತ್ತು ಇದನ್ನ ನಾನು ಹಾಕ್ಕೊಳ್ಲಾ? ಡಾಕ್ಟ್ರಿಗೆ ಗೊತ್ತಾಗತ್ತೋ ಇಲ್ವೋ ನೋಡೋಣ.”

“ಹಾಕ್ಕೊಳಪ್ಪ, ಪುಣ್ಯ ಬರತ್ತೆ. ಬೆರಳು ನೋಯ್ತಿತ್ತು.”

ಮೇಷ್ಟ್ರು ಕ್ಲಿಪ್ಪು ಹಾಕಿಕೊಂಡು, ಮಂಚದ ಪಕ್ಕ ಕೂತು ಕೈಯನ್ನು ಅಜ್ಜನ ಹೊದಿಕೆಯಡಿ ಅಡಗಿಸಿದ್ದೇ ತಡ, ಯಂತ್ರ ಬಾಯಿ ಬಡಿದುಕೊಳ್ಳತೊಡಗಿತು. ಬೆರಳು ಬದಲಾದದ್ದಕ್ಕೇ ದಡ್ಡ ಯಂತ್ರ ಎಡವಟ್ಟು ಮಾಡಿತು ಎಂದು ಅವರಿಗೆ ಒಳಗೊಳಗೇ ಹಿಗ್ಗು. ನರ್ಸು ಓಡಿ ಬಂದಳು. ಅಜ್ಜನ ಮಗಳು “ಅಯ್ಯೋ ಅಪ್ಪಾ!” ಎಂದು ಗೋಳಾಡಿದಳು. ಪಕ್ಕದ ಮಂಚದವಳ ಗಂಡ, ಯಾರೂ ಕೇಳದಿದ್ದರೂ, ಅಜ್ಜನ ಎರಡು ಕಾಲನ್ನೂ ಎತ್ತಿ ಹಿಡಿದ. ಡಾಕ್ಟರು ಬಂದವರೇ ಪರದೆಗೆ ಕಣ್ಣು ನೆಟ್ಟರು.

“ಹೃದಯ ಕೈ ಕೊಡ್ತಿದೆ! ಆಕ್ಸಿಜನ್ ಹಾಕಿ, ಇಂಜೆಕ್ಷನ್ ತನ್ನಿ!”

“ನಂಗೇನೂ ಆಗಿಲ್ಲಪ್ಪ, ಗುಂಡುಕಲ್ಲಿನ ಹಾಗಿದೀನಿ,” ಎಂದ ಅಜ್ಜ.

“ಸುಮ್ನಿರಿ! ನಿಮಗೀಗ ಮಾತಾಡೋ ಶಕ್ತಿನೇ ಇಲ್ಲ!”

ಸೂಜಿ ಅಜ್ಜನ ತೋಳಿಗೆ ತಾಗುವುದರಲ್ಲಿತ್ತು. ಮೇಷ್ಟ್ರು ಎದ್ದು ನಿಂತು ಗೆದ್ದವರಂತೆ ಬೆರಳೆತ್ತಿದರು.

“ಸಿಕ್ಕಿಬಿದ್ರಿ ಡಾಕ್ಟ್ರೇ! ಕ್ಲಿಪ್ಪು ಇರೋದು ನನ್ನ ಬೆರಳಲ್ಲಿ!”

ಡಾಕ್ಟರು ಬೆರಳು ನೋಡಿದರು, ಪರದೆ ನೋಡಿದರು. ಆಮೇಲೆ, ಎರಡು ವರ್ಷದಲ್ಲಿ ಮೊದಲ ಸಲ, ಮೇಷ್ಟ್ರ ಮುಖ ನೋಡಿದರು.

“ಹಾಗಾದ್ರೆ ಈ ಹೃದಯ ನಿಮ್ದು,” ಎಂದರು ಮೆಲ್ಲಗೆ.

ಅಜ್ಜನನ್ನು ಇಳಿಸಿ ಅದೇ ಮಂಚದಲ್ಲಿ ಮೇಷ್ಟ್ರನ್ನು ಮಲಗಿಸಿದರು. ಕಾಲೇಜಿಗೆ ಇನ್ನೇನೆಂದು ಬರೆಯುವುದು? ತಾವು ಹಳಿದ ಯಂತ್ರವೇ ತಮ್ಮ ಜೀವ ಉಳಿಸಿತೆಂದೇ? ಕೆಲಸವಂತೂ ಹೋಯಿತು. ಹೆಂಡತಿಯ ಮಾತು ನೆನಪಾಗಿ ಅಳುವೇ ಬಂತು.

ಗಂಟು ಹಿಡಿದು ಹೊರಟ ಅಜ್ಜ ತಲೆದೆಸೆಯಲ್ಲಿ ನಿಂತ.

“ನಂಗೆ ಎದೆ ಕೆಟ್ಟಾಗ್ಲೂ ಮುಖ ಹೀಗೇ ಇತ್ತು, ಮೇಷ್ಟ್ರೇ. ನಿಮ್ಮನ್ನ ನೋಡಿದ ದಿನಾನೇ ಅನ್ನಿಸ್ತು.”

“ಒಂದು ಮಾತು ಹೇಳ್ಬಾರ್ದಿತ್ತಾ ಅಜ್ಜಾ?”

“ದಿನಾ ಹೇಳ್ತಿದ್ನಲ್ಲಪ್ಪ! ನೀವು ತಲೆ ಎತ್ತದೆ ಬರ್ಕೊಳ್ತಿದ್ರಿ.”